ನ್ಯಾಟ್ ಕಿಂಗ್ ಕೋಲ್ ಸೋತದ್ದು ನೋಡುಗರ ಮುಂದಲ್ಲ

ಮಾನ್ಯರೆ,

ಟಿ.ವಿ. ಸಂಗೀತ ಕಾರ್ಯಕ್ರಮಗಳ ಆರಂಭಕಾಲದ ನಿರೂಪಕರನ್ನು ಕುರಿತು ಕಳೆದ ಭಾನುವಾರದ ಪುರವಣಿಯಲ್ಲಿ ಬಂದ ಲೇಖನದಲ್ಲಿ ಅಮೆರಿಕದ ಗಾಯಕ ನ್ಯಾಟ್ ಕಿಂಗ್ ಕೋಲ್ ಅವರಿಗೆ ಸಿಕ್ಕಿರುವುದು ಎರಡೇ ವಾಕ್ಯ. ಆ ಎರಡರಲ್ಲೂ ತಪ್ಪಿದೆ. ಮೊದಲ ವಾಕ್ಯ ಹೇಳುವಂತೆ ಸ್ವಂತ ಟಿ.ವಿ. ಕಾರ್ಯಕ್ರಮ ನಡೆಸಿದ ಮೊದಲ ಕಪ್ಪು ಕಲಾವಿದ ಅವರಲ್ಲ. ಪಿಯಾನೋ ವಾದಕಿ ಹೇಜಲ್ ಸ್ಕಾಟ್ 1950ರಲ್ಲೇ ಡುಮಾಂಟ್ ಎಂಬ ಟಿ.ವಿ. ಜಾಲದಲ್ಲಿ ಅಂಥದೊಂದು ಕಾರ್ಯಕ್ರಮ ನಡೆಸುತ್ತಿದ್ದರು. ಕಮ್ಯುನಿಸ್ಟರ ನಂಟಿನ ಆರೋಪ ಹೊತ್ತು ಅವರು ಅಮೆರಿಕ ಸಂಸತ್ತಿನ ಸಮಿತಿಯೆದುರು ಹೇಳಿಕೆ ಕೊಟ್ಟ ವಾರದೊಳಗೆ ಅದು ನಿಂತುಹೋಯಿತು.

ನೋಡುಗರಿಲ್ಲದೆ ಕೋಲ್ ಕಾರ್ಯಕ್ರಮ ರದ್ದಾಯಿತು ಎಂಬ ಎರಡನೆಯ ಮಾತನ್ನು ಮಾತ್ರ ಸುಮ್ಮನೆ ಬಿಡಲಾಗದು. 1956ರ ನವೆಂಬರ್ 5ರಂದು ಎನ್‌ಬಿಸಿ ವಾಹಿನಿಯಲ್ಲಿ ಹದಿನೈದು ನಿಮಿಷಗಳ ಅವಧಿಯೊಂದಿಗೆ ಶುರುವಾದ ಅದಕ್ಕೆ ಮೊದಮೊದಲು ದೊಡ್ಡ ಪ್ರೇಕ್ಷಕವರ್ಗವಿರಲಿಲ್ಲ, ನಿಜ. ಆದರೆ ನೋಡುವವರಿಲ್ಲದ ಕಾರ್ಯಕ್ರಮವನ್ನು ಮರುವರ್ಷದ ಜುಲೈನಲ್ಲಿ ಯಾರಾದರೂ ಅರ್ಧ ಗಂಟೆಗೆ ಹಿಗ್ಗಿಸುತ್ತಾರೆಯೇ? ಕೊರತೆ ಇದ್ದದ್ದು ಪ್ರಾಯೋಜಕರದು. ಒಂದು ಸಾಬೂನೋ ಸಿಗರೇಟೋ ಇಡೀ ಕಾರ್ಯಕ್ರಮದ ಖರ್ಚನ್ನು ಹೊರುತ್ತಿದ್ದ ಆ ದಿನಗಳಲ್ಲಿ, ಕಪ್ಪು ನಿರೂಪಕನ ಪಕ್ಕದಲ್ಲಿ ತಮ್ಮ ಸರಕು ಕಾಣಿಸಿಕೊಂಡರೆ ವರ್ಣಭೇದ ಬಲವಾಗಿದ್ದ ಅಮೆರಿಕದ ದಕ್ಷಿಣದ ರಾಜ್ಯಗಳ ಗಿರಾಕಿಗಳು ಮುನಿಸಿಕೊಳ್ಳುತ್ತಾರೆಂಬ ಅಂಜಿಕೆಯಿಂದ ರಾಷ್ಟ್ರಮಟ್ಟದ ಒಂದು ಕಂಪನಿಯೂ ಮುಂದೆ ಬರಲಿಲ್ಲ. ಅದೇ 1956ರಲ್ಲಿ ಹಾಲಿವುಡ್‌ನಲ್ಲಿ ತಲೆಯೆತ್ತಿದ, ಕೋಲ್ ಅವರ ರೆಕಾರ್ಡುಗಳನ್ನು ಹೊರತರುತ್ತಿದ್ದ ಕ್ಯಾಪಿಟಲ್ ರೆಕಾರ್ಡ್ಸ್‌ ಕಂಪನಿಯ ದುಂಡು ಗೋಪುರವನ್ನು ಜನ ‘ನ್ಯಾಟ್ ಕಟ್ಟಿಸಿದ ಮನೆ’ ಎಂದು ಕರೆಯುತ್ತಿದ್ದರು. ಅಷ್ಟರಮಟ್ಟಿಗೆ ಅವರ ರೆಕಾರ್ಡುಗಳು ಮಾರಾಟವಾಗಿದ್ದವು. ಅವೇ ಹಾಡುಗಳನ್ನು ಅವರು ಟಿ.ವಿ.ಯಲ್ಲಿ ಎದುರು ನಿಂತು ಹಾಡಿದರೆ ಹಣ ಹೂಡುವವರಿಲ್ಲ!

ಈ ಅಂಜಿಕೆ ಎಂಥ ಗಾಳಿಯಲ್ಲಿ ಹುಟ್ಟಿತೆಂಬುದನ್ನೂ ಲೇಖಕರು ನೆನೆಯಬೇಕಿತ್ತು. ಕಾರ್ಯಕ್ರಮ ಶುರುವಾಗುವ ಏಳು ತಿಂಗಳ ಮುಂಚೆ, ಏಪ್ರಿಲ್ 10ರಂದು, ತಮ್ಮ ಹುಟ್ಟುರಾಜ್ಯವಾದ ಅಲಬಾಮದ ಬರ್ಮಿಂಗ್‌ಹ್ಯಾಮ್‌ನಲ್ಲಿ ಬಿಳಿಯ ಸಭಿಕರ ಮುಂದೆ ಹಾಡುತ್ತಿದ್ದಾಗಲೇ ಕೆಲವರು ವೇದಿಕೆಗೆ ನುಗ್ಗಿ ಅವರನ್ನು ಕೆಡವಿದ್ದರು. ಇಷ್ಟಾದ ಮೇಲೂ ವಾರವಾರ ಕ್ಯಾಮೆರಾದ ಮುಂದೆ ಅದೇ ನಸುನಗೆಯೊಂದಿಗೆ ನಿಲ್ಲುವುದು ಸಾಮಾನ್ಯ ಮಾತಲ್ಲ. ಎಲ್ಲಾ ಫಿಟ್ಜೆರಾಲ್ಡ್, ಹ್ಯಾರಿ ಬೆಲಫಾಂಟೆ, ಪೆಗ್ಗಿ ಲೀ ಅವರಂಥ ದೊಡ್ಡ ಕಲಾವಿದರು ಗೆಳೆಯನಿಗಾಗಿ ಕಲಾವಿದರ ಸಂಘ ಗೊತ್ತುಪಡಿಸಿದ ಕನಿಷ್ಠ ಸಂಭಾವನೆಗೆ ಒಪ್ಪಿ ಬಂದು ಹಾಡಿಹೋದರು. ಎನ್‌ಬಿಸಿಯೂ, ಹೇಳಲೇಬೇಕು, ಒಂದು ವರ್ಷಕ್ಕೂ ಹೆಚ್ಚು ಕಾಲ ನಷ್ಟವನ್ನು ಹೊತ್ತುಕೊಂಡಿತು.

ಕೊನೆಗೆ ವಾಹಿನಿ ಕಡಿಮೆ ಖರ್ಚಿನ ಬೇರೊಂದು ವೇಳೆಯನ್ನು ಕೊಡಲು ಮುಂದಾದಾಗ ಬೇಡವೆಂದವರು ಸ್ವತಃ ಕೋಲ್. 1957ರ ಡಿಸೆಂಬರ್ 17ರಂದು ಕೊನೆಯ ಕಂತು ಪ್ರಸಾರವಾಯಿತು. ಆಗಿನ್ನೂ ನಮ್ಮ ದೇಶಕ್ಕೆ ಟಿ.ವಿ.ಯೇ ಬಂದಿರಲಿಲ್ಲವಾದ್ದರಿಂದ, ನನ್ನ ತಲೆಮಾರಿನವರಿಗೆ ಅವರು ರೆಕಾರ್ಡಿನ ದನಿಯಾಗಿಯಷ್ಟೇ ಪರಿಚಿತರು. ನಿರೂಪಕರಾಗಿ ಅವರನ್ನು ಪರಿಚಯಿಸಲು ಹೊರಟ ಲೇಖನವೇ ಅವರ ನಿರ್ಧಾರವನ್ನು ಸೋಲೆಂದು ದಾಖಲಿಸಿದರೆ ಹೇಗೆ? ಮುಂದಿನ ಪುರವಣಿಯಲ್ಲಿ ತಿದ್ದುಪಡಿ ಪ್ರಕಟಿಸಬೇಕೆಂದು ವಿನಂತಿಸುತ್ತೇನೆ.

– ಹಳೆಯ ಓದುಗ, ಮೈಸೂರು