ಕಿಟಕಿಗಳನ್ನು ಎಣಿಸಿದ ಅಕ್ಕನಿಗೆ

ನಗರದ ಪನೋರಮಾ, ಅಂದರೆ ಹಲವು ಫೋಟೊ ಜೋಡಿಸಿ ಮಾಡುವ ವಿಶಾಲ ಚಿತ್ರ, ನಿನ್ನೆ ಮುಗಿಯಿತು. ಸಾಲಿಗೆ 30ರಂತೆ ಆರು ಸಾಲು, ಒಟ್ಟು 180 ಫೋಟೊ. ಹೊಂದಿಸಿ ಅಂಚು ಕತ್ತರಿಸಿದ ಮೇಲೆ ಸುಮಾರು 200 ಕೋಟಿ ಪಿಕ್ಸೆಲ್.

ತಾರಸಿಯ ಬಾಗಿಲು ತೆರೆದುಕೊಟ್ಟವರಿಗೆ, ಟ್ರೈಪಾಡ್ ಅಲುಗದಂತೆ ಗಾಳಿಗೆ ಅಡ್ಡ ನಿಂತವರಿಗೆ, 1878ರಲ್ಲಿ ಛಾಯಾಗ್ರಾಹಕ ಮೈಬ್ರಿಜ್ ಸ್ಯಾನ್ ಫ್ರಾನ್ಸಿಸ್ಕೋವನ್ನು 13 ಭಾಗಗಳಲ್ಲಿ ಸೆರೆಹಿಡಿದದ್ದನ್ನು ತೋರಿಸಿ ಈ ಹುಚ್ಚು ಹಿಡಿಸಿದ ಗುರುಗಳಿಗೆ ನಾನು ಋಣಿ. ಲೆನ್ಸಿನಲ್ಲಿ ನಾವು ನೋಡಲ್ ಪಾಯಿಂಟ್ ಎನ್ನುವ ಜಾಗವನ್ನೇ ಅಕ್ಷವಾಗಿಟ್ಟು ಕ್ಯಾಮೆರಾ ತಿರುಗಿಸಬೇಕು, ಇಲ್ಲದಿದ್ದರೆ ಹತ್ತಿರದ ಕಂಬಿ ದೂರದ ಕಟ್ಟಡದ ಮುಂದೆ ಜರುಗುತ್ತದೆ ಎಂದು ತಾಳ್ಮೆಯಿಂದ ಕಲಿಸಿದ ಗೆಳೆಯನಿಗೂ.

ಉಳಿದದ್ದೆಲ್ಲ ಅಕ್ಕನಿಗೆ.

ಅಕ್ಕ ಎಂದೂ ಕ್ಯಾಮೆರಾ ಹಿಡಿದವಳಲ್ಲ. ಫೋಟೊಗಳನ್ನು ಜೋಡಿಸುತ್ತಿದ್ದ ಒಂದು ರಾತ್ರಿ ಗಾಜಿನ ಗೋಪುರಗಳ ಬಳಿ ಜೋಡಣೆ ಬಿಟ್ಟುಕೊಂಡಿತ್ತು. ಅಲ್ಲಿರುವುದೆಲ್ಲ ಒಂದೇ ಅಚ್ಚಿನ ಕಿಟಕಿಗಳು. ತಂತ್ರಾಂಶವು ಹನ್ನೊಂದನೇ ಮಹಡಿಯನ್ನು ಹನ್ನೆರಡನೆಯದೆಂದು ತಿಳಿದು ಕಟ್ಟಡವನ್ನೇ ಮುರಿದುಬಿಡುತ್ತಿತ್ತು. ಪ್ರತಿ ಜೋಡಿ ಫೋಟೊದಲ್ಲೂ ಹೊಂದುವ ಬಿಂದುಗಳನ್ನು ನಾವೇ ಗುರುತಿಸಬೇಕಾಯಿತು. ಅವಳು ಕುರ್ಚಿ ಎಳೆದುಕೊಂಡು ಪಕ್ಕದಲ್ಲಿ ಕುಳಿತು ಎಣಿಸತೊಡಗಿದಳು: "ಕೆಳಗಿನಿಂದ ಒಂಬತ್ತು, ಎಡದಿಂದ ಮೂರು. ಪರದೆ ಅರ್ಧ ಎಳೆದಿದೆ ನೋಡು, ಅದೇ."

ಮೂರು ಗಂಟೆಯ ಹೊತ್ತಿಗೆ ನಾನು ಸೋತಿದ್ದೆ. ಎಲ್ಲವನ್ನೂ ಅಳಿಸಿಬಿಡುತ್ತೇನೆ ಎಂದು ಅತ್ತುಬಿಟ್ಟೆ. ಯಾರೂ ಕೇಳದ ಚಿತ್ರವೊಂದಕ್ಕಾಗಿ ವರ್ಷವಿಡೀ ಮನೆಯವರನ್ನು ಕಾಯಿಸಿದ ನಾಚಿಕೆಯೆಲ್ಲ ಒಟ್ಟಿಗೇ ನುಗ್ಗಿ ಬಂದಿತ್ತು. ಅಕ್ಕ ಸಮಾಧಾನದ ಮಾತನ್ನೇನೂ ಆಡಲಿಲ್ಲ. ಬೆನ್ನಿನ ಮೇಲೆ ಕೈಯಿಟ್ಟು, ನನ್ನ ಉಸಿರು ಹತೋಟಿಗೆ ಬರುವವರೆಗೂ ಕಾದು, "ಮುಂದಿನ ಜೋಡಿ ತೆಗೆ" ಎಂದಳು.

ಬೆಳಗಾಗುವಾಗ ಗೋಪುರಗಳು ನೆಟ್ಟಗೆ ನಿಂತಿದ್ದವು. ಅಷ್ಟು ದಿನ ನಾನು ಅಂಚು, ಬೆಳಕು, ಮಬ್ಬು ಇವನ್ನಷ್ಟೇ ನೋಡಿದ್ದೆ. ಒಣಹಾಕಿದ ಟವೆಲ್, ಆರಿಸದೆ ಬಿಟ್ಟ ದೀಪ, ಓರೆಯಾದ ಪರದೆ ಎಂದು ಒಂದೊಂದು ಕಿಟಕಿಗೂ ಒಂದು ಗುರುತು ಹುಡುಕಿಕೊಟ್ಟವಳು ಅವಳು. ಆ ಗುರುತುಗಳು ಇಲ್ಲದಿದ್ದರೆ ಚಿತ್ರ ಕೂಡುತ್ತಲೇ ಇರಲಿಲ್ಲ.

ಅಗಲ 80,000 ಪಿಕ್ಸೆಲ್ ದಾಟಿದೆ. ಜೆಪೆಗ್ ಕಡತ ಒಂದು ಬದಿಗೆ 65,535ಕ್ಕಿಂತ ಹೆಚ್ಚು ಹಿಡಿಯದು. ಹಾಗಾಗಿ ನಿಮ್ಮ ಮೊಬೈಲಿಗೆ ಬರುವುದು ಕುಗ್ಗಿಸಿದ ಪ್ರತಿ, ಬೇಸರಿಸಬೇಡಿ. ಅಕ್ಕ ಪೂರ್ತಿ ಚಿತ್ರವನ್ನು ಕೇಳಲಿಲ್ಲ. ಒಂಬತ್ತನೇ ಮಹಡಿಯ ಮೂರನೇ ಕಿಟಕಿಯೊಂದೇ ಸಾಕಂತೆ. ಅರ್ಧ ಎಳೆದ ಪರದೆಯ ಪಕ್ಕದಲ್ಲಿ ಒಂದು ಹೂಕುಂಡವಿದೆ. ನಾಳೆ ಅದನ್ನು ಮುದ್ರಿಸಿ ಅವಳ ಕೈಗೆ ಕೊಡುತ್ತೇನೆ.