ಶನಿವಾರದ ಚಿಚೆನ್ ಇಟ್ಜಾ ಪ್ರವಾಸ: ಹೊರಡುವ ಮುಂಚೆ ಓದಿ

ಎಲ್ಲರಿಗೂ ನಮಸ್ಕಾರ. ನಾವು ನೋಡಲು ಹೋಗುವ ಚಿಚೆನ್ ಇಟ್ಜಾ ಮೆಕ್ಸಿಕೋದ ಹಳೆಯ ಮಾಯಾ ನಗರದ ಅವಶೇಷ. ಶನಿವಾರ ಬೆಳಿಗ್ಗೆ 6ಕ್ಕೆ ಕ್ಯಾನ್‌ಕೂನ್ ಹೋಟೆಲ್ ಬಾಗಿಲಲ್ಲೇ ವ್ಯಾನ್ ನಿಂತಿರುತ್ತದೆ, ದಯವಿಟ್ಟು ತಡ ಮಾಡಬೇಡಿ. ದಾರಿ ಸುಮಾರು 200 ಕಿಲೋಮೀಟರ್. ಯುಕಟಾನ್ ರಾಜ್ಯಕ್ಕೆ ಕಾಲಿಟ್ಟರೆ ಗಡಿಯಾರ ಒಂದು ಗಂಟೆ ಹಿಂದೆ, ಹಾಗಾಗಿ ಗೇಟ್ ತೆರೆಯುವ 8ಕ್ಕೇ ನಾವು ಅಲ್ಲಿರಬಹುದು. ಆಮೇಲೆ ಬಿಸಿಲೂ ಜಾಸ್ತಿ, ಜನವೂ ಜಾಸ್ತಿ.

ದೊಡ್ಡ ಪಿರಮಿಡ್ ಹತ್ತಲು ಈಗ ಬಿಡುವುದಿಲ್ಲ, ಮಕ್ಕಳಿಗೆ ಮೊದಲೇ ಹೇಳಿಬಿಡಿ. ಆದರೆ ಮೆಟ್ಟಿಲ ಎದುರು ನಿಂತು ಜೋರಾಗಿ ಒಂದು ಚಪ್ಪಾಳೆ ತಟ್ಟಿ ನೋಡಿ, ಹಕ್ಕಿ ಕೂಗಿದ ಹಾಗೆ ಮರುದನಿ ಬರುತ್ತದೆ! ನಾಲ್ಕು ಕಡೆ 91ರಂತೆ ಮೆಟ್ಟಿಲು, ಮೇಲಿನದೊಂದು ಸೇರಿಸಿದರೆ 365. ಸುಮ್ನೆ ಫೋಟೋ ತೆಗೆದು ಓಡಬೇಡಿ, ಗೈಡ್ ಹೇಳುವುದನ್ನು ಪೂರ್ತಿ ಕೇಳಿ.

ಮಧ್ಯಾಹ್ನ ಇಕ್ ಕಿಲ್ ಸೆನೋಟೆ. ಸುಣ್ಣಕಲ್ಲಿನ ಚಾವಣಿ ಕುಸಿದು ಆದ ಬಾವಿ ಅದು, ನೆಲದಿಂದ ಸುಮಾರು 26 ಮೀಟರ್ ಕೆಳಗೆ ನೀರು, ಮೇಲಿಂದ ಬೇರುಗಳು ಜಡೆಯ ಹಾಗೆ ಇಳಿಬಿದ್ದಿರುತ್ತವೆ. ನೀರಿಗಿಳಿಯುವ ಮೊದಲು ಷವರ್ ಕಡ್ಡಾಯ. ಸನ್‌ಸ್ಕ್ರೀನ್, ತಲೆಗೆ ಎಣ್ಣೆ ಏನೂ ಬೇಡ. ಸುತ್ತಲಿನ ಊರುಗಳ ಜನ ಕುಡಿಯುವುದೂ ಇದೇ ಅಂತರ್ಜಲ ಅಲ್ವಾ, ನಾವು ಕೆಡಿಸಬಾರದು. ತುಂಬಾ ಆಳ ಇದೆ, ಈಜು ಬರುವವರೂ ಲೈಫ್ ಜಾಕೆಟ್ ಹಾಕಿಕೊಳ್ಳಿ.

ಟವೆಲ್, ಇನ್ನೊಂದು ಜೊತೆ ಬಟ್ಟೆ, ಸ್ವಲ್ಪ ಪೆಸೋ ನಗದು ಮರೆಯಬೇಡಿ. ಬರುವವರು ಗುರುವಾರ ರಾತ್ರಿಯೊಳಗೆ ಇಲ್ಲೇ ಹೆಸರು ಹಾಕಿ.