ಶಾಸಕರ, ಅಧ್ಯಕ್ಷರ ಸಹಿ ಕೀ ಅಧ್ಯಕ್ಷರ ಕೈಯಾಗ ಕೊಡಸ್ರಿ

ಮಾನ್ಯ ಶಾಸಕರಿಗೆ ನಮಸ್ಕಾರ್ರಿ,

ಬೆಳಗಾವಿ ಜಿಲ್ಲೆದಾಗ ನಿಮ್ಮ ಕ್ಷೇತ್ರದ್ದ ಒಂದ ಗ್ರಾಮ ಪಂಚಾಯತಿ ಬಗ್ಗೆ ಬರ್ಯಾಕತ್ತೇನಿ. ಊರ ಹೆಸರ ಇಲ್ಲಿ ಹಾಕಂಗಿಲ್ರಿ, ಹಾಕಿದ್ರ ಅಲ್ಲಿ ಅಧ್ಯಕ್ಷರಾಗಿರೋ ನಮ್ಮ ಅಕ್ಕಾಗ ತ್ರಾಸ. ನಿಮ್ಮ ಪಿಎ ಕಡೆ ಕೊಟ್ಟ ಅರ್ಜಿದಾಗ ಎಲ್ಲಾ ಐತಿ, ಉತ್ತರ ಅಷ್ಟ ಬಂದಿಲ್ಲ.

ಅಧ್ಯಕ್ಷ ಸ್ಥಾನ ಎಸ್‌ಟಿ ಮಹಿಳೆಗೆ ಮೀಸಲ ಬಂದು ನಮ್ಮ ವಾಲ್ಮೀಕಿ ಓಣಿ ಅಕ್ಕ ಅಧ್ಯಕ್ಷರಾದ್ರು. ಬಿಲ್ ಪಾಸ್ ಮಾಡೋ ಡಿಜಿಟಲ್ ಸಹಿ ಕೀ, ಪೆನ್‌ಡ್ರೈವ್ ಹಂಗ ಇರ್ತದಲ್ರಿ, ಅದು ಅಕ್ಕನ ಹೆಸರ್ಲೇನ ಐತಿ. ಆದ್ರ ಇರೂದು ಊರಾಗಿನ ಒಬ್ಬ ದೊಡ್ಡ ಜಮೀನದಾರ್ರ ಅಂಗಿ ಕಿಸೆದಾಗ. ಅವರು ಮೆಂಬರ್ ಸುದ್ದಾ ಅಲ್ಲ. ಅಕ್ಕ ಅವರ ಕಬ್ಬಿನ ಹೊಲಕ್ಕ ಕಳೆ ತಗ್ಯಾಕ ಹೋಗ್ತಾರ, ಕೀ ಕೇಳಿದ್ರ ನಾಳಿಂದ ಪಗಾರ ಇಲ್ಲ. ಕಾಯ್ದೆ ನಿಮಗ ನಾ ಹೇಳೂದ ಬ್ಯಾಡ. ಆ ಕೀ ಅಕ್ಕನ ಕೈಯಾಗ ಕೊಡಸ್ರಿ.

ನಮ್ಮ ಓಣಿ ಗಟಾರ ಮಾಡಾಕ ಠರಾವ ಆಗೇತಿ, ಅಕ್ಕಾನ ಓಡ್ಯಾಡಿ ಮಾಡಿಸಿದ್ದು, ಕೀ ಇದ್ದವರು ಬಿಲ್ ಒತ್ತವಲ್ರು. ಮಳಿ ಬಂತಂದ್ರ ಹೊಲಸ ನೀರ ನಮ್ಮ ಅಡಗಿ ಮನಿಗೆ ಬರ್ತದ, ಜ್ವಾಳದ ಚೀಲ ಮಂಚದ ಮ್ಯಾಲಿಟ್ಟು ಮಕ್ಕಳನ್ನ ನೆಲದಾಗ ಮಲಗಸೂದು ಹೆಂಗ್ರಿ, ರಾತ್ರಿಯೆಲ್ಲಾ ಬಕೀಟ್ಲೆ ನೀರ ಚೆಲ್ಲೂದ ಆಗೇತಿ ನನ್ನ ಬಾಳೆ.

ಹೋದ ಆಗಸ್ಟ್ 15ಕ್ಕ ಆದದ್ದ ಕೇಳ್ರಿ. ಅಕ್ಕ ಇಳಕಲ್ ಸೀರಿ ಉಟ್ಕೊಂಡು ಝಂಡಾ ಕಟ್ಟಿ ಮುಂದ ನಿಂತಿದ್ರು. ಜಮೀನದಾರ್ರು ಬಂದವರ ಅಕ್ಕನ ಕೈಯಾಗ ಪೇಢೆ ತಾಟ ಕೊಟ್ಟು, "ನೀ ಹುಡುಗ್ರಿಗೆ ಹಂಚ ಬೇ" ಅಂದು ತಾವ ಹಗ್ಗ ಜಗ್ಗಿದ್ರು. ಸಾಲಿ ಮಾಸ್ತರ್ರು, ಪಂಚಾಯತಿ ಸಿಬ್ಬಂದಿ ಎಲ್ಲಾರೂ ಸೆಲ್ಯೂಟ್ ಹೊಡದ್ರು, ಒಬ್ರೂ ಪಿಟ್ ಅನ್ಲಿಲ್ಲ. ಅಕ್ಕ ತಾಟ ಹಿಡ್ಕೊಂಡ ರಾಷ್ಟ್ರಗೀತೆಗೆ ನಿಂತ್ರು. ನನ್ನ ಹೊಟ್ಟ್ಯಾಗ ಬೆಂಕಿ ಬಿತ್ತು ಸಾಹೇಬ್ರ. ನಾಚಿಕಿ ಆಗಬೇಕಿತ್ತು ಇಡೀ ಊರಿಗೆ.

ಪಂಚಾಯತಿ ಆಫೀಸಿನ ಒಳಗ ಗ್ವಾಡಿಮ್ಯಾಲೆ ರಾಷ್ಟ್ರಪತಿ ದ್ರೌಪದಿ ಮುರ್ಮು ಅವರ ಫೋಟೋ ಐತಿ. ಒಡಿಶಾದ ಮಯೂರಭಂಜ ಜಿಲ್ಲೆ ಸಂತಾಲ ಬುಡಕಟ್ಟಿನ ಮಗಳು. ಸರ್ಕಾರಿ ಆಫೀಸಿನ್ಯಾಗ ಕೆಲಸ ಮಾಡಿ, ಸಾಲ್ಯಾಗ ಕಲಿಸಿ, 1997ರಾಗ ರಾಯರಂಗಪುರ ನಗರ ಪಂಚಾಯತಿಗೆ ಕೌನ್ಸಿಲರ್ ಆಗಿ ಬಂದವರು. 2000ಕ್ಕ ಶಾಸಕಿ, ಆಮ್ಯಾಲ ಮಂತ್ರಿ. ಗಂಡನ್ನ, ಇಬ್ರು ಗಂಡ್ಮಕ್ಕಳನ್ನ ಕಳ್ಕೊಂಡೂ ಎದ್ದ ನಿಂತು 2015ರಾಗ ಜಾರ್ಖಂಡ್ ರಾಜ್ಯಪಾಲರಾದ್ರು. ಅಲ್ಲಿ ಸರ್ಕಾರ ಆದಿವಾಸಿಗಳ ಹೊಲನ ಬ್ಯಾರೆ ಕೆಲಸಕ್ಕ ಬಳಸಾಕ ದಾರಿ ಮಾಡೋ ಬಿಲ್ ಕಳಸ್ತು, ಛೋಟಾನಾಗಪುರ ಮತ್ತ ಸಂತಾಲ ಪರಗಣಾ ಗೇಣಿ ಕಾಯ್ದೆ ತಿದ್ದುಪಡಿ. ತಾವು ಬೆಳದ ಬಂದ ಪಕ್ಷದ್ದ ಸರ್ಕಾರ ಇದ್ರೂ 2017ರಾಗ ಸಹಿ ಮಾಡದ ವಾಪಸ್ ಕಳಿಸಿದ್ರು. 2022ರಿಂದ ರಾಷ್ಟ್ರಪತಿ. ನನಗ ಎಲ್ಲಾಕ್ಕಿಂತ ದೊಡ್ಡದ ಅನಸೂದು ಆ ಮಾಡದಿದ್ದ ಸಹಿ. ಪೆನ್ ಅವರ ಕೈಯಾಗಿತ್ತು, ಅದಕ್ಕ ಒಲ್ಲೆ ಅನ್ನಾಕ ಬಂತು. ನಮ್ಮ ಅಕ್ಕಾಗ ಹೂಂ ಅನ್ನಾಕೂ ಇಲ್ಲ, ಒಲ್ಲೆ ಅನ್ನಾಕೂ ಇಲ್ಲ, ಆಕಿ ಸಹಿ ಆಕಿಗೆ ಗೊತ್ತಿಲ್ಲದ ಬೀಳತೈತಿ.

ಕಳೆದ ಚುನಾವಣ್ಯಾಗ ನಮ್ಮ ಓಣಿಗೆ ಬಂದು ಅಕ್ಕನ ಕೈಲೆ ಆರತಿ ಮಾಡಿಸ್ಕೊಂಡೀರಿ. ಅದ ಕೈಯಾಗ ಕೀ ಕೊಡಸ್ರಿ. ಗ್ರಾಮಸಭಾ ಕರಸ್ರಿ, ಪಿಡಿಓ ಸಾಹೇಬ್ರ ಮುಂದ, ಊರ ಮಂದಿ ಮುಂದ ಕೊಡಸ್ರಿ. ಕೀದ ಪಿನ್ ಸುದ್ದಾ ಬದಲ ಮಾಡಸ್ರಿ, ಹಳೇದು ಆ ಜಮೀನದಾರ್ರಿಗೆ ಬಾಯಿಪಾಠ ಐತಿ.

ಇಂತಿ,
ವಾಲ್ಮೀಕಿ ಓಣಿ ಮತದಾರಳು